ಹೂ ಕಳಿಸಿದ ಮೇಯರು

ಮೇಯರು ಎಂದಾಕ್ಷಣ ನಮಗೆ ನೆನಪಾಗುವುದು ಉದ್ದನೆಯ ನಿಲುವಂಗಿ, ಕೊರಳಲ್ಲೊಂದು ದಪ್ಪ ಸರ, ಕೈಯಲ್ಲಿ ರಿಬ್ಬನ್ ಕತ್ತರಿಸುವ ಕತ್ತರಿ. ಅದರ ಹಿಂದೆಯೇ ಕಸ, ಚರಂಡಿ, ರಸ್ತೆಗುಂಡಿ, ಕಂದಾಯದ ಬಾಕಿ. ಆ ಕುರ್ಚಿಯಲ್ಲಿ ಕೂತವರನ್ನು ಬೈಯುವ ಅಭ್ಯಾಸ ನಮಗಿದೆ, ಬೆರಗಿನಿಂದ ನೋಡುವ ಅಭ್ಯಾಸವಿಲ್ಲ. ತಪ್ಪೇನೂ ಅಲ್ಲ ಬಿಡಿ. ಬೆರಗನ್ನು ನಾವು ಹಿಮಾಲಯಕ್ಕೆ, ನಕ್ಷತ್ರಗಳಿಗೆ, ಗೊಮ್ಮಟನಿಗೆ ಎತ್ತಿಟ್ಟಿದ್ದೇವೆ. ನಗರಸಭೆಯ ಠರಾವಿಗೆ ಯಾರು ಬೆರಗಾಗುತ್ತಾರೆ?

ನಾನು ಆಗುತ್ತೇನೆ. ಎಲ್ಲ ಠರಾವುಗಳಿಗಲ್ಲ, ಒಬ್ಬ ಮೇಯರ ಕಾಲದ ಒಂದೆರಡಕ್ಕೆ. ಅವರ ಹೆಸರು ಯುಕಿಯೊ ಒಜಾಕಿ. 1903ರಿಂದ 1912ರವರೆಗೆ ಟೋಕಿಯೊ ನಗರದ ಮೇಯರಾಗಿದ್ದರು. ಈ ಹೆಸರನ್ನು ಕೇಳದವರೂ ಅವರ ಕೆಲಸವನ್ನು ನೋಡಿರುತ್ತಾರೆ. ಅಮೆರಿಕದ ವಾಷಿಂಗ್ಟನ್ ಸುತ್ತಮುತ್ತ ಮಗನೋ ಮಗಳೋ ಇರುವ ಮನೆಗಳ ವಾಟ್ಸಾಪಿಗೆ ಮಾರ್ಚ್ ಕೊನೆಗೆ, ಏಪ್ರಿಲ್ ಮೊದಲಿಗೆ ಒಂದು ಫೋಟೋ ಬಂದೇ ಬರುತ್ತದೆ: ಕೊಳದಂಥ ನೀರು, ಅದರ ಸುತ್ತ ಎಲೆಯೇ ಕಾಣದಂತೆ ತಿಳಿಗುಲಾಬಿ ಹೂ ಹೊತ್ತ ಮರಗಳು, ಮರದ ಕೆಳಗೆ ರೇಷ್ಮೆ ಸೀರೆಯುಟ್ಟು ನಿಂತ ನಮ್ಮವರು. ಆ ಮರಗಳನ್ನು ಕಳಿಸಿದ್ದು ಒಜಾಕಿ.

ಕಳಿಸಿದರು ಎಂದು ಒಂದೇ ಮಾತಿನಲ್ಲಿ ಹೇಳಿಬಿಟ್ಟರೆ ಅದರಲ್ಲಿರುವ ಸೋಜಿಗವೆಲ್ಲ ಸೋರಿಹೋಗುತ್ತದೆ. ಅದಕ್ಕೂ ಮುಂಚೆ ಎಲೈಜಾ ಸಿಡ್ಮೋರ್ ಎಂಬ ಅಮೆರಿಕದ ಲೇಖಕಿ ಇದ್ದರು. 1885ರಲ್ಲಿ ಜಪಾನ್ ನೋಡಿಕೊಂಡು ಬಂದಾಕೆ, ಪೊಟೊಮ್ಯಾಕ್ ನದಿಯ ಹೂಳು ಎತ್ತಿ ಹಾಕಿ ಹೊಸದಾಗಿ ಮಾಡಿದ್ದ ನೆಲದಲ್ಲಿ ಸಕುರಾ, ಅಂದರೆ ಜಪಾನಿನ ಚೆರಿ ಮರ ನೆಡಿ ಎಂದು ವಾಷಿಂಗ್ಟನ್ನಿನ ಅಧಿಕಾರಿಗಳ ಬಾಗಿಲು ತಟ್ಟಿದರು. ಅಧಿಕಾರಿಗಳು ಬದಲಾದರು, ಉತ್ತರ ಬದಲಾಗಲಿಲ್ಲ. ಇಪ್ಪತ್ತನಾಲ್ಕು ವರ್ಷ ಹೀಗೇ ನಡೆಯಿತು. 1909ರಲ್ಲಿ ಆಕೆ ಅಧ್ಯಕ್ಷ ಟಾಫ್ಟ್ ಅವರ ಪತ್ನಿ ಹೆಲನ್ ಟಾಫ್ಟ್ ಅವರಿಗೇ ನೇರವಾಗಿ ಒಂದು ಕಾಗದ ಬರೆದರು. ಗಂಡ ಫಿಲಿಪೀನ್ಸಿನಲ್ಲಿ ಗವರ್ನರ್ ಆಗಿದ್ದ ಕಾಲದಲ್ಲಿ ಪೂರ್ವದ ದೇಶಗಳಲ್ಲಿ ಓಡಾಡಿದ್ದ ಹೆಲನ್, ಒಪ್ಪಿ ಉತ್ತರ ಬರೆದರು. ಅದೇ ಹೊತ್ತಿಗೆ ಜೋಕಿಚಿ ತಕಾಮಿನೆ ವಾಷಿಂಗ್ಟನ್ನಿಗೆ ಬಂದಿದ್ದರು. ಅಡ್ರಿನಲಿನ್ ಅನ್ನು ಶುದ್ಧರೂಪದಲ್ಲಿ ಬೇರ್ಪಡಿಸಿದ ರಸಾಯನ ವಿಜ್ಞಾನಿ ಈತ. ಸುದ್ದಿ ಕೇಳಿ, ಎರಡು ಸಾವಿರ ಮರ ನಾನು ಕೊಡಿಸುತ್ತೇನೆ ಎಂದರು. ಜೊತೆಯಲ್ಲಿದ್ದ ಜಪಾನಿನ ಕಾನ್ಸಲ್, ಒಬ್ಬ ಶ್ರೀಮಂತನ ಹೆಸರಿಗಿಂತ ಟೋಕಿಯೊ ನಗರದ ಹೆಸರಿನಲ್ಲಿ ಕೊಟ್ಟರೆ ಚೆನ್ನ ಎಂದು ಸೂಚಿಸಿದರು. ಹೀಗೆ ಆ ಕಡತ ಒಜಾಕಿಯವರ ಮೇಜಿಗೆ ಬಂತು. ರಷ್ಯಾ-ಜಪಾನ್ ಯುದ್ಧ ನಿಲ್ಲಲು 1905ರಲ್ಲಿ ಅಮೆರಿಕ ಮಧ್ಯಸ್ಥಿಕೆ ವಹಿಸಿತ್ತು. ಆ ಋಣ ತೀರಿಸಲು ದಾರಿ ಹುಡುಕುತ್ತಿದ್ದ ಮೇಯರಿಗೆ ಇದು ಕೈಗೆ ಬಂದ ಅವಕಾಶ. ನಗರಸಭೆ ಒಪ್ಪಿತು.

ಮರಗಳು ಹೊರಟವು, 1910ರ ಜನವರಿಯಲ್ಲಿ ವಾಷಿಂಗ್ಟನ್ ತಲುಪಿದವು. ಕೃಷಿ ಇಲಾಖೆಯವರು ಪರೀಕ್ಷಿಸಿ ನೋಡಿದರೆ ಬೇರಿನಲ್ಲಿ ಗಂಟು, ಗಂಟಿನಲ್ಲಿ ಜಂತುಹುಳು, ಕಾಂಡದ ಮೇಲೆ ಶಲ್ಕಕೀಟ, ಇನ್ನೂ ಏನೇನೋ. ನೆಟ್ಟರೆ ಸುತ್ತಲ ತೋಟಗಳಿಗೆಲ್ಲ ರೋಗ ಹರಡುತ್ತದೆ ಎಂಬ ವರದಿ ಬಂತು. ಅಧ್ಯಕ್ಷ ಟಾಫ್ಟ್ ಒಪ್ಪಿಗೆ ಕೊಡಬೇಕಾಯಿತು. ಜನವರಿ 28ರಂದು ಎರಡು ಸಾವಿರ ಮರಗಳನ್ನು ರಾಶಿ ಹಾಕಿ ಸುಟ್ಟರು.

ಒಂದು ರಾಜಧಾನಿ ಇನ್ನೊಂದು ರಾಜಧಾನಿಗೆ ಕಳಿಸಿದ ಉಡುಗೊರೆಯನ್ನು ಬೆಂಕಿಗೆ ಹಾಕುವುದೆಂದರೆ ಸಣ್ಣ ಮಾತಲ್ಲ. ಆಗ ಕ್ಯಾಲಿಫೋರ್ನಿಯಾದಲ್ಲಿ ಜಪಾನೀ ವಲಸಿಗರ ಮೇಲೆ ಅಸಹನೆ ಕುದಿಯುತ್ತಿತ್ತು; ಇತ್ತ ಜಪಾನು ಯುದ್ಧ ಗೆದ್ದ ಹುಮ್ಮಸ್ಸಿನಲ್ಲಿತ್ತು. ಅವಮಾನ ಎಂದುಕೊಳ್ಳಲು ಇದಕ್ಕಿಂತ ಒಳ್ಳೆಯ ನೆಪ ಸಿಗುವುದಿಲ್ಲ. ಅಮೆರಿಕದ ಸರ್ಕಾರ ವಿಷಾದದ ಪತ್ರ ಬರೆಯಿತು. ಒಜಾಕಿ ಏನೆಂದರು ಎಂಬುದಕ್ಕೆ ಒಂದು ಕತೆಯೇ ಚಾಲ್ತಿಯಲ್ಲಿದೆ: ಚೆರಿ ಮರ ಕಡಿಯುವುದು ನಿಮ್ಮ ಜಾರ್ಜ್ ವಾಷಿಂಗ್ಟನ್ ಕಾಲದಿಂದ ಬಂದ ಸಂಪ್ರದಾಯವಲ್ಲವೇ, ಬೇಸರವೇಕೆ ಎಂದು ನಕ್ಕರಂತೆ. ಅಂದರೋ ಇಲ್ಲವೋ, ಅವರ ಮುಂದಿನ ಹೆಜ್ಜೆಯಂತೂ ದಾಖಲೆಯಲ್ಲಿದೆ. ಮತ್ತೆ ಕಳಿಸುತ್ತೇವೆ, ಈ ಸಲ ಹುಳವಿಲ್ಲದ್ದು.

ನನ್ನ ಬೆರಗು ಶುರುವಾಗುವುದು ಇಲ್ಲಿಂದ. ಕೊಟ್ಟದ್ದನ್ನು ಸುಟ್ಟವರಿಗೆ ಇನ್ನೊಮ್ಮೆ, ಮೊದಲಿಗಿಂತ ಎಚ್ಚರದಿಂದ, ಮೊದಲಿಗಿಂತ ಹೆಚ್ಚು ಕೊಡುವುದು. ಮನೆಯ ಮಟ್ಟದಲ್ಲೇ ನಮಗೆ ಇದು ಕಷ್ಟ. ಮದುವೆಯಲ್ಲಿ ಕೊಟ್ಟ ಸೀರೆಯನ್ನು ಬೀಗಿತಿ ಉಡಲಿಲ್ಲ ಎಂಬುದನ್ನು ಎರಡು ತಲೆಮಾರು ನೆನಪಿಟ್ಟುಕೊಳ್ಳುವ ಜನ ನಾವು.

ಈ ಸಲ ಕೆಲಸ ನಿಧಾನವಾಗಿ ನಡೆಯಿತು. ಟೋಕಿಯೊದ ಉತ್ತರಕ್ಕೆ ಅರಕಾವಾ ನದಿಯ ದಂಡೆಯಲ್ಲಿ ಕೋಹೊಕು ಎಂಬ ಹಳ್ಳಿ. 1885ರ ನೆರೆಯ ನಂತರ ಅಲ್ಲಿ ದಂಡೆಯನ್ನು ಎತ್ತರಿಸಿದಾಗ, ಶಿಮಿಜು ಕೆಂಗೊ ಎಂಬ ಊರ ಮುಖ್ಯಸ್ಥರು 78 ಬಗೆಯ ಸಕುರಾ ಮರಗಳನ್ನು ಸಾಲಾಗಿ ನೆಡಿಸಿದ್ದರು. ಬಣ್ಣ ಬಣ್ಣದ ಹೂವಿನ ಆ ದಂಡೆ ಟೋಕಿಯೊ ಜನ ವರ್ಷವರ್ಷವೂ ಹೋಗಿ ನೋಡುವ ಜಾಗವಾಗಿತ್ತು. ಕಸಿಕಡ್ಡಿಗಳನ್ನು ಅಲ್ಲಿಂದ ಕತ್ತರಿಸಿದರು. ಬೇರುಸಸಿಗಳು ಬಂದದ್ದು ದೂರದ ಪಶ್ಚಿಮದ ಇತಾಮಿ ಕಡೆಯಿಂದ. ಎರಡನ್ನೂ ಕೂಡಿಸಿ ಬೆಳೆಸಿದ್ದು ಶಿಜುಒಕಾ ಪ್ರಾಂತದ ಒಕಿತ್ಸು ತೋಟಗಾರಿಕಾ ಪ್ರಯೋಗಶಾಲೆಯಲ್ಲಿ. ನಂಜಿನ ಹೊಗೆ ಹಾಕಿ ಹುಳ ತೆಗೆದರು. 1912ರ ಫೆಬ್ರುವರಿ 14ರಂದು ಯೊಕೊಹಾಮಾ ಬಂದರಿನಿಂದ ಅವಾ ಮಾರು ಹಡಗು ಹೊರಟಿತು. ವಾಷಿಂಗ್ಟನ್ನಿಗೆಂದು ಅದರಲ್ಲಿದ್ದದ್ದು 12 ತಳಿಯ 3,020 ಗಿಡಗಳು. ಮಾರ್ಚ್ 26ಕ್ಕೆ ತಲುಪಿದವು. ಅಧಿಕಾರಿಗಳು ಭೂತಗನ್ನಡಿ ಹಿಡಿದು ನೋಡಿದರು. ಒಂದು ಹುಳವೂ ಸಿಗಲಿಲ್ಲ.

ಮರುದಿನ ಟೈಡಲ್ ಬೇಸಿನ್ ಎಂಬ ಆ ಕೊಳದ ಉತ್ತರ ದಡದಲ್ಲಿ ಹೆಲನ್ ಟಾಫ್ಟ್ ಒಂದು ಗಿಡ ನೆಟ್ಟರು, ಜಪಾನಿನ ರಾಯಭಾರಿಯ ಪತ್ನಿ ಚಿಂದಾ ಇನ್ನೊಂದು. ಬ್ಯಾಂಡು ಬಜಂತ್ರಿ ಇಲ್ಲ, ನೆರೆದದ್ದು ಬೆರಳೆಣಿಕೆಯ ಜನ. ಹೆಲನ್ ಆಕೆಗೊಂದು ಗುಲಾಬಿ ಗುಚ್ಛ ಕೊಟ್ಟರು. ಮೇಯರು ಅಲ್ಲಿರಲೇ ಇಲ್ಲ. ಅದೇ ವರ್ಷ ಅವರು ಹುದ್ದೆಯನ್ನೂ ಬಿಟ್ಟರು. ಆ ಎರಡು ಮರಗಳು ಇಂದಿಗೂ ನಿಂತಿವೆ.

ಕಸಿ ಎಂಬುದನ್ನು ಮಾವಿನ ತೋಪು ಇರುವ ನಮ್ಮೂರುಗಳಲ್ಲಿ ಯಾರಿಗೂ ಬಿಡಿಸಿ ಹೇಳಬೇಕಾಗಿಲ್ಲ. ಆದರೆ ವಾಷಿಂಗ್ಟನ್ನಿಗೆ ಹೋದವುಗಳಲ್ಲಿ ಅರ್ಧಕ್ಕಿಂತ ಹೆಚ್ಚು ಗಿಡಗಳು ಸೊಮೇಯ್ ಯೊಶಿನೊ ಎಂಬ ತಳಿಯವು. ಈ ತಳಿಯದು ವಿಚಿತ್ರ. ತನ್ನದೇ ಪರಾಗ ತನಗೆ ಒಗ್ಗುವುದಿಲ್ಲ. ಬೀಜ ಹಾಕಿ ತಾಯಿಯಂಥದೇ ಮರ ಪಡೆಯಲಾಗದು. ಹಾಗಾಗಿ ಜಪಾನಿನ ಶಾಲೆಯ ಅಂಗಳದಲ್ಲಿ, ನದಿಯ ದಂಡೆಯಲ್ಲಿ, ವಾಷಿಂಗ್ಟನ್ನಿನ ಕೊಳದ ಸುತ್ತ ಇರುವ ಸೊಮೇಯ್ ಯೊಶಿನೊ ಮರಗಳೆಲ್ಲ ಒಂದೇ ಮರದ ತುಂಡುಗಳು; ಯಾರೋ ಕತ್ತರಿಸಿ, ಯಾರೋ ಕಟ್ಟಿ, ಯಾರೋ ನೀರೆರೆದು ಮುಂದೆ ದಾಟಿಸಿದವು. ಒಂದೂರಿನ ಮರಗಳೆಲ್ಲ ಒಟ್ಟಿಗೇ ಅರಳಿ ಒಟ್ಟಿಗೇ ಉದುರುವುದೂ ಇದರಿಂದಲೇ. ನೋಡಿದವರು ಹೂವಿನ ಚೆಲುವಿಗೆ ಬೆರಗಾಗುತ್ತಾರೆ. ನನಗೆ ಹೂವಿಗಿಂತ ಆ ಕೈಗಳ ಸಾಲಿನ ಬಗ್ಗೆ ಯೋಚನೆ ಹರಿಯುತ್ತದೆ. ಯಾವುದಾದರೂ ಒಂದು ತಲೆಮಾರು ಕತ್ತಿ ಕೆಳಗಿಟ್ಟು ಸುಮ್ಮನಾದರೆ ಈ ಮರ ಭೂಮಿಯ ಮೇಲೆ ಉಳಿಯುವುದಿಲ್ಲ. ಹಲಸು, ಹೊಂಗೆಗಳಿಗೆ ನಮ್ಮ ಹಂಗಿಲ್ಲ. ಕಾಗೆಯೋ ಮಳೆಯೋ ನೋಡಿಕೊಳ್ಳುತ್ತದೆ. ಇದಕ್ಕೆ ಮಾತ್ರ ಮನುಷ್ಯನಿಗೆ ನೆನಪಿರಬೇಕು.

ಇನ್ನು ಆ ಮನುಷ್ಯ. ಒಜಾಕಿ ಹುಟ್ಟಿದ್ದು 1858ರಲ್ಲಿ, ಸಗಾಮಿ ಸೀಮೆಯ ಒಂದು ಹಳ್ಳಿಯಲ್ಲಿ. ಪತ್ರಕರ್ತರಾದರು, ಭಾಷಣಕಾರರಾದರು, ಸರ್ಕಾರದ ಕಣ್ಣಿಗೆ ಮುಳ್ಳಾದರು. 1887ರಲ್ಲಿ ಶಾಂತಿಪಾಲನೆಯ ಹೆಸರಿನಲ್ಲೊಂದು ಕಾನೂನು ತಂದ ಸರ್ಕಾರ ನೂರಾರು ಜನರನ್ನು ಟೋಕಿಯೊದಿಂದ ಗಡೀಪಾರು ಮಾಡಿತು. ಅವರಲ್ಲಿ ಒಜಾಕಿಯೂ ಒಬ್ಬರು. ಹಾಗೆ ಹೊರದಬ್ಬಿಸಿಕೊಂಡವರು ಅಮೆರಿಕ, ಇಂಗ್ಲೆಂಡು ಸುತ್ತಿ ಬಂದರು. ಹದಿನಾರು ವರ್ಷಗಳ ನಂತರ ಅದೇ ಟೋಕಿಯೊಕ್ಕೆ ಮೇಯರಾದರು! ಇಂಥ ಕಡೆ ಇತಿಹಾಸ ಸ್ವಲ್ಪ ನಾಟಕೀಯವಾಗಿಯೇ ನಡೆದುಕೊಳ್ಳುತ್ತದೆ.

ನಡುವೆ 1890ರಲ್ಲಿ ಜಪಾನಿನ ಮೊದಲ ಸಂಸತ್ ಚುನಾವಣೆ ನಡೆಯಿತು. ಮಿಯೆ ಪ್ರಾಂತದಿಂದ ಗೆದ್ದರು. ಅಲ್ಲಿಂದ ಮುಂದೆ ಒಂದರ ಹಿಂದೆ ಒಂದು, 25 ಚುನಾವಣೆ ಗೆದ್ದು 63 ವರ್ಷ ಸಂಸತ್ತಿನಲ್ಲಿದ್ದರು. ಮೇಯರಾಗಿದ್ದ ಕಾಲದಲ್ಲೂ ಸಂಸತ್ ಸದಸ್ಯರೇ. 1898ರಲ್ಲಿ ಕೆಲ ತಿಂಗಳು ಶಿಕ್ಷಣ ಮಂತ್ರಿಯೂ ಆಗಿದ್ದರು. ಹಣದ ಪೂಜೆಯನ್ನು ಟೀಕಿಸುತ್ತ, ಜಪಾನು ಒಂದು ವೇಳೆ ಗಣರಾಜ್ಯವಾದರೆ ಮಿತ್ಸುಯಿ, ಮಿತ್ಸುಬಿಶಿ ಧಣಿಗಳೇ ಅಧ್ಯಕ್ಷಗಿರಿಗೆ ನಿಲ್ಲುತ್ತಾರೆ ಎಂಬರ್ಥದ ಮಾತಾಡಿದರು. ಗಣರಾಜ್ಯ ಎಂಬ ಮಾತು ಬಾಯಲ್ಲಿ ಬಂದದ್ದೇ ಅಪರಾಧವಾಗಿ ಕುರ್ಚಿ ಹೋಯಿತು.

ಮೇಯರಾಗಿ ಅವರು ಹೂವಿನ ಹಾಸಿಗೆಯ ಮೇಲೇನೂ ಮಲಗಿರಲಿಲ್ಲ. ಆಗ ಟೋಕಿಯೊ ಮೇಯರನ್ನು ಜನ ಆರಿಸುತ್ತಿರಲಿಲ್ಲ. ನಗರಸಭೆ ಹೆಸರುಗಳನ್ನು ಸೂಚಿಸುತ್ತಿತ್ತು, ಚಕ್ರವರ್ತಿಯ ಒಪ್ಪಿಗೆಯ ಮುದ್ರೆ ಮೇಲಿಂದ ಬೀಳುತ್ತಿತ್ತು. 1905ರಲ್ಲಿ ಹಿಬಿಯಾ ಉದ್ಯಾನದಿಂದ ಶುರುವಾದ ದೊಂಬಿ, 1906ರಲ್ಲಿ ಟ್ರಾಮ್ ದರ ಏರಿಸಿದ್ದಕ್ಕೆ ಇನ್ನೊಂದು ದೊಂಬಿ. 1911ರಲ್ಲಿ ನಗರವೇ ಆ ಟ್ರಾಮ್ ಕಂಪನಿಯನ್ನು ಕೊಂಡುಕೊಂಡಿತು. ಈ ಗದ್ದಲದ ನಡುವೆ ಮದುವೆಯೂ ಆಯಿತು. ಯೆಯ್ ಥಿಯೊಡೊರಾ ಒಜಾಕಿ, ಜಪಾನೀ ತಂದೆ ಮತ್ತು ಇಂಗ್ಲಿಷ್ ತಾಯಿಯ ಮಗಳು, ಜಪಾನಿನ ಅಜ್ಜಿಕತೆಗಳನ್ನು ಇಂಗ್ಲಿಷಿನಲ್ಲಿ ಬರೆದಾಕೆ. ಇಬ್ಬರದೂ ಒಂದೇ ಮನೆತನದ ಹೆಸರು, ಆದರೆ ಸಂಬಂಧವಿಲ್ಲ. ಒಬ್ಬರ ಕಾಗದಗಳನ್ನು ಅಂಚೆಯವನು ಇನ್ನೊಬ್ಬರ ಮನೆಗೆ ಹಾಕಿ ಹಾಕಿ ಪರಿಚಯವಾಯಿತಂತೆ. ಈ ಕತೆಯನ್ನು ನಾನು ನಂಬಲು ಇಷ್ಟಪಡುತ್ತೇನೆ.

ಮೇಯರುಗಿರಿ ಮುಗಿದ ಮೇಲಿನ ನಾಲ್ಕು ದಶಕಗಳನ್ನು ನೋಡಿದರೆ ಅಲ್ಲಿ ಒಂದು ದೊಡ್ಡ ಗೆಲುವು, ಮತ್ತೆಲ್ಲ ಸೋಲು. ಗೆಲುವು 1913ರ ಫೆಬ್ರುವರಿಯದು. ಪ್ರಧಾನಿ ಕತ್ಸುರಾ ತನಗೆ ಬೇಕಾದಾಗಲೆಲ್ಲ ಚಕ್ರವರ್ತಿಯ ಆಜ್ಞೆ ತರಿಸಿ ಸಂಸತ್ತಿನ ಬಾಯಿ ಮುಚ್ಚಿಸುತ್ತಿದ್ದರು. ನೀವು ಸಿಂಹಾಸನದ ಮರೆಯಲ್ಲಿ ಅಡಗಿ ಎದುರಾಳಿಗಳಿಗೆ ಗುಂಡು ಹೊಡೆಯುತ್ತಿದ್ದೀರಿ ಎಂದು ಒಜಾಕಿ ಸದನದಲ್ಲಿ ಬೆರಳು ತೋರಿಸಿ ಕೇಳಿದರು. ಅದೇ ತಿಂಗಳು ಕತ್ಸುರಾ ಸರ್ಕಾರ ಬಿತ್ತು. ಸೋಲುಗಳಲ್ಲಿ ನನಗೆ ಹೆಚ್ಚು ಕಾಡುವುದು 1921ರದು. ಮೊದಲ ಮಹಾಯುದ್ಧ ಮುಗಿದ ಮೇಲೆ ಯೂರೋಪಿಗೆ ಹೋಗಿ ಹಾಳುಬಿದ್ದ ಊರುಗಳನ್ನು ನೋಡಿ ಬಂದ ಒಜಾಕಿ, ಯುದ್ಧನೌಕೆಗಳಿಗೆ ಮಿತಿ ಹಾಕೋಣ ಎಂಬ ನಿರ್ಣಯವನ್ನು ಸಂಸತ್ತಿನ ಮುಂದಿಟ್ಟರು. ಪರವಾಗಿ ಬಿದ್ದ ಮತ 38, ವಿರುದ್ಧ 285. ಆ ವರ್ಷ ಪಕ್ಷವೂ ಅವರನ್ನು ಹೊರಹಾಕಿತು. ಊರೂರು ತಿರುಗಿ ಅದೇ ಮಾತು ಆಡಿದರು. ವರ್ಷದ ಕೊನೆಗೆ ದೊಡ್ಡ ರಾಷ್ಟ್ರಗಳು ಸೇರಿ ಯುದ್ಧನೌಕೆಗಳಿಗೆ ಮಿತಿ ಹಾಕುವ ಮಾತುಕತೆಗೆ ಕೂತವು. ಕೂತದ್ದು ವಾಷಿಂಗ್ಟನ್ನಿನಲ್ಲೇ.

1937ರಲ್ಲಿ ಸೈನ್ಯವನ್ನು ಎದುರು ಹಾಕಿಕೊಂಡು ಸದನದಲ್ಲಿ ಭಾಷಣಕ್ಕೆ ನಿಂತಾಗ ಅವರ ಬಳಿ ಮರಣಗೀತೆಯೂ ಬರೆದಿಟ್ಟದ್ದಿತ್ತು. ಆ ವೇಳೆಗಾಗಲೇ ಎಷ್ಟೋ ಜನ ರಾಜಕಾರಣಿಗಳು ಗುಂಡಿಗೆ ಬಲಿಯಾಗಿದ್ದರು; ಅದು ತೋರಿಕೆಯ ಧೈರ್ಯವಲ್ಲ.

ಮತ್ತೆ 1941ರ ಡಿಸೆಂಬರ್. ಪರ್ಲ್ ಹಾರ್ಬರ್ ಮೇಲೆ ಬಾಂಬು ಬಿದ್ದ ಕೆಲವೇ ದಿನಗಳಲ್ಲಿ ಟೈಡಲ್ ಬೇಸಿನ್ ದಡದ ನಾಲ್ಕು ಸಕುರಾ ಮರಗಳನ್ನು ಯಾರೋ ರಾತ್ರೋರಾತ್ರಿ ಕಡಿದುಹಾಕಿದರು. ಉಳಿದವು ಉಳಿಯಲೆಂದು ಯುದ್ಧ ಮುಗಿಯುವವರೆಗೆ ಅವುಗಳನ್ನು ಜಪಾನಿನ ಮರ ಎನ್ನದೆ ಪೌರಸ್ತ್ಯ ಮರ ಎಂದರು. ಅತ್ತ 1942ರ ಏಪ್ರಿಲ್‌ನಲ್ಲಿ, ಚುನಾವಣಾ ಭಾಷಣವೊಂದರಲ್ಲಿ ಚಕ್ರವರ್ತಿಗೆ ಅಗೌರವ ತೋರಿದ ಆರೋಪದ ಮೇಲೆ ಒಜಾಕಿಯವರನ್ನು ಪೊಲೀಸರು ಹಿಡಿದರು. ಮನೆ ಕಟ್ಟಿದವನ ಮೊಮ್ಮಗನ ಕಾಲಕ್ಕೆ ಮನೆ ಮಾರಾಟಕ್ಕೆ ಬರುತ್ತದೆ ಎಂಬ ಹಳೆಯ ಚಾಟೂಕ್ತಿಯೊಂದನ್ನು ಅವರು ಹೇಳಿದ್ದರು. ಮೇಯ್ಜಿ ಚಕ್ರವರ್ತಿಯ ಮೊಮ್ಮಗನೇ ಆಗ ಚಕ್ರವರ್ತಿ. ಒಜಾಕಿಯವರಿಗೆ ಆಗ ಎಂಬತ್ತಮೂರು ವರ್ಷ. ಕೊಟ್ಟ ಮರಕ್ಕೆ ಅಲ್ಲಿ ಕೊಡಲಿ, ಕೊಟ್ಟವರಿಗೆ ಇಲ್ಲಿ ಸೆರೆ. ಅಷ್ಟಾದರೂ ಆ ತಿಂಗಳ ಕೊನೆಯ ಚುನಾವಣೆಯಲ್ಲಿ, ಸರ್ಕಾರದ ಶಿಫಾರಸು ಇಲ್ಲದ ಅಭ್ಯರ್ಥಿಯಾಗಿ, ಮಿಯೆಯ ಮತದಾರರು ಅವರನ್ನು ಗೆಲ್ಲಿಸಿಬಿಟ್ಟರು. ಯುದ್ಧ ಇನ್ನೂ ನಡೆಯುತ್ತಿದ್ದಾಗಲೇ, 1944ರಲ್ಲಿ, ದೇಶದ ಸರ್ವೋಚ್ಚ ನ್ಯಾಯಪೀಠ ಅವರನ್ನು ನಿರ್ದೋಷಿ ಎಂದಿತು. ಆ ಮತದಾರರು, ಆ ನ್ಯಾಯಾಧೀಶರು! ಒಬ್ಬ ಮುದುಕನ ಹಠಕ್ಕಿಂತ ನನಗೆ ಇವರೇ ದೊಡ್ಡ ಸೋಜಿಗ.

1950ರಲ್ಲಿ ಒಜಾಕಿ ಅಮೆರಿಕಕ್ಕೆ ಹೋಗಿ ಆ ಮರಗಳನ್ನು ನೋಡಿದರು. ಆ ಹೊತ್ತಿಗೆ ಅರಕಾವಾ ದಂಡೆಯ ತಾಯಿಮರಗಳು ಹಾಳಾಗಿದ್ದವು. ಯುದ್ಧಕಾಲದಲ್ಲಿ ಅವುಗಳನ್ನು ಕೇಳುವವರೇ ಇರಲಿಲ್ಲ. 1952ರಲ್ಲಿ ಜಪಾನಿನವರು ಕೇಳಿಕೊಂಡಾಗ ವಾಷಿಂಗ್ಟನ್ನಿನ ಉದ್ಯಾನ ಇಲಾಖೆ ಆ ಮಕ್ಕಳ ಕೊಂಬೆಗಳಿಂದ ಕಸಿಕಡ್ಡಿ ಕತ್ತರಿಸಿ ಕಳಿಸಿತು. ಒಮ್ಮೆ ಸುಡಿಸಿಕೊಂಡು, ಇನ್ನೊಮ್ಮೆ ಕೊಡಲಿ ತಿಂದು ಉಳಿದ ಉಡುಗೊರೆ, ಕೊಟ್ಟ ಊರಿಗೇ ಬಿತ್ತನೆಯಾಗಿ ಮರಳಿತು. ಮರುವರ್ಷ, 1953ರ ಚುನಾವಣೆಯಲ್ಲಿ, ಒಜಾಕಿ ಸೋತರು. 1954ರ ಅಕ್ಟೋಬರ್ 6ರಂದು ತೀರಿಕೊಂಡಾಗ ತೊಂಬತ್ತೈದು ವರ್ಷ.

ಹೂವಿನ ಕತೆ ಇಲ್ಲಿಗೆ ಮುಗಿಯಿತು. ಆದರೆ 1909ರಲ್ಲಿ ಒಜಾಕಿಯವರ ಮೇಜಿನ ಮೇಲೆ ಮರಗಳ ಇನ್ನೊಂದು ಕಡತವೂ ಇತ್ತು, ಅದನ್ನು ಹೇಳದೆ ಬಿಟ್ಟರೆ ಈ ಬರಹ ಅರ್ಧ. ಟೋಕಿಯೊ ಆಗ ಕುಡಿಯುತ್ತಿದ್ದದ್ದು ತಾಮಾ ನದಿಯ ನೀರು. 1653ರಲ್ಲೇ ಅಗೆದ 43 ಕಿಲೋಮೀಟರ್ ಕಾಲುವೆಯಲ್ಲಿ ಅದು ಊರಿಗೆ ಹರಿದು ಬರುತ್ತಿತ್ತು. 1898ರಲ್ಲಿ ಶುದ್ಧೀಕರಣ ಘಟಕ ಬಂದಿತ್ತು, ಕೊಳಾಯಿಗಳೂ ಬಂದಿದ್ದವು. ಆದರೆ ನದಿಯ ತಲೆಯ ಕಡೆ, ನೆರೆಯ ಯಾಮಾನಾಶಿ ಪ್ರಾಂತದ ಬೆಟ್ಟಗಳಲ್ಲಿ, ಮರ ಕಡಿದೂ ಕುಮರಿ ಬೇಸಾಯಕ್ಕೆ ಸುಟ್ಟೂ ಇಳಿಜಾರುಗಳು ಬೋಳಾಗಿದ್ದವು. ಮಳೆ ಬಂದರೆ ಕೆಸರು, ಬೇಸಿಗೆ ಬಂದರೆ ಬತ್ತಿದ ಹರಿವು. ಮೇಯರು ಕೊಳಾಯಿಯ ತುದಿಯಲ್ಲಿ ನಿಂತು ಯೋಚಿಸಬಹುದಿತ್ತು, ಯಾರೂ ತಪ್ಪೆನ್ನುತ್ತಿರಲಿಲ್ಲ. ಒಜಾಕಿ ಐವತ್ತರ ವಯಸ್ಸಿನಲ್ಲಿ ಬೆಟ್ಟ ಹತ್ತಿ, ನದಿ ಹುಟ್ಟುವ ಕಣಿವೆಗಳನ್ನು ನಡೆದು ನೋಡಿದರು. ತಾಮಾ ಹುಟ್ಟುವುದು 1,953 ಮೀಟರ್ ಎತ್ತರದ ಕಸತೋರಿ ಶಿಖರದ ಮಗ್ಗುಲಲ್ಲಿ, ಬಂಡೆಯಡಿಯಿಂದ ತೊಟ್ಟಿಕ್ಕುವ ಹನಿಗಳಲ್ಲಿ. 138 ಕಿಲೋಮೀಟರ್ ಕೆಳಗಿದೆ ಸಮುದ್ರ. ನೋಡಿ ಬಂದ ಒಜಾಕಿ, ಆ ಕಾಡನ್ನು ನಗರವೇ ಇಟ್ಟುಕೊಂಡು ಬೆಳೆಸಬೇಕು ಎಂದರು. 1910ರಲ್ಲಿ, ಅತ್ತ ವಾಷಿಂಗ್ಟನ್ನಿನಲ್ಲಿ ಮೊದಲ ಮರಗಳು ಬೂದಿಯಾದ ವರ್ಷವೇ, ಟೋಕಿಯೊ ನಗರ ತನ್ನ ಗಡಿಯಾಚೆಯ ಬೆಟ್ಟಗಳಲ್ಲಿ ನೀರಿಗಾಗಿ ಕಾಡು ಬೆಳೆಸುವ ಕೆಲಸಕ್ಕೆ ಇಳಿಯಿತು.

ಪಕ್ಕದ ಪ್ರಾಂತದ ಬೆಟ್ಟದಲ್ಲಿ ನಗರದ ತೆರಿಗೆದಾರರ ದುಡ್ಡು ಹಾಕಿ ಮರ ನೆಡುವುದು, ಅದೂ ಮುಂದಿನ ಮೇಯರುಗಳ ಕಾಲದಲ್ಲೂ ಫಲ ಕಾಣದ ಕೆಲಸ. ಕಾವೇರಿಯನ್ನು ನೂರು ಕಿಲೋಮೀಟರ್ ದೂರದಿಂದ ಮೇಲೆತ್ತಿ ಕುಡಿಯುವ ಬೆಂಗಳೂರಿನವರು ಕೊಡಗಿನ ಕಾಡಿಗೆ ನಮ್ಮ ಕಂದಾಯದಲ್ಲಿ ಎಷ್ಟು ಹೋಗುತ್ತದೆ ಎಂದು ಕೇಳಿದ್ದನ್ನು ನಾನಂತೂ ಕಂಡಿಲ್ಲ. ಟೈಡಲ್ ಬೇಸಿನ್‌ಗೆ ವರ್ಷಕ್ಕೊಮ್ಮೆ ಲಕ್ಷಗಟ್ಟಲೆ ಜನ ಬಂದು ಫೋಟೋ ತೆಗೆಸಿಕೊಳ್ಳುತ್ತಾರೆ. ಯಾಮಾನಾಶಿಯ ಆ ಕಣಿವೆಗಳಿಗೆ ಚಾರಣಿಗರನ್ನು ಬಿಟ್ಟರೆ ಹೋಗುವವರು ಕಡಿಮೆ. ಹೂವಿಗೆ ಸಿಕ್ಕ ಹೆಸರು ಕಾಡಿಗೆ ಸಿಗಲಿಲ್ಲ, ಸಿಗಬೇಕೆಂದೂ ಇಲ್ಲ. ಆದರೆ ಒಜಾಕಿ ಎಂಬ ಮೇಯರ ಅತಿ ದೊಡ್ಡ ಕೆಲಸ ಯಾವುದು ಎಂದು ಯಾರಾದರೂ ಕೇಳಿದರೆ ನಾನು ಎರಡನೆಯ ಕಡತದ ಕಡೆಗೇ ಕೈ ತೋರಿಸುತ್ತೇನೆ. ತಾಮಾ ನದಿಯ ತಲೆಯಲ್ಲಿ 20,000 ಹೆಕ್ಟೇರಿಗೂ ಮೀರಿದ ಕಾಡನ್ನು ಟೋಕಿಯೊ ಜಲ ಇಲಾಖೆ ಇವತ್ತಿಗೂ ತಾನೇ ನೋಡಿಕೊಳ್ಳುತ್ತಿದೆ.